ಕ್ಯಾಂಟೀನಿನಲ್ಲಿ ಕನ್ನಡದಲ್ಲಿ ಹೊಡೆದ ಜೋಕು ಐಸಿ (ಆಫೀಸಿನಲ್ಲಿ ಲೈಂಗಿಕ ಕಿರುಕುಳದ ದೂರು ವಿಚಾರಿಸುವ ಇಂಟರ್ನಲ್ ಕಮಿಟಿ) ಮುಂದೆ ಹೋಗಿದೆ, ನಾನು ಸಾಕ್ಷಿ. ಏನು ಮಾಡಲಿ?

ವಾಕಡ್‌ವಾಸಿ (ಚರ್ಚೆ ಶುರು ಮಾಡಿದವರು):

ಪುಣೆಯ ಹಿಂಜವಾಡಿಯಲ್ಲಿ ಕೆಲಸ. ನಮ್ಮ ಫ್ಲೋರಿನಲ್ಲಿ ಕನ್ನಡದವರು ಒಂದು ಟೇಬಲ್ ತುಂಬುವಷ್ಟು ಇದ್ದೇವೆ, ಮಧ್ಯಾಹ್ನ ಊಟ ಒಟ್ಟಿಗೆ. ಆ ಟೇಬಲ್ಲಿಗೆ ಒಬ್ಬ ಯಜಮಾನರಿದ್ದಾರೆ, ನಮಗಿಂತ ಸೀನಿಯರ್. ಒಳ್ಳೆಯ ಮನುಷ್ಯ. ಹೊಸಬರಿಗೆ ಪಿಜಿ ಹುಡುಕಿ ಕೊಡುವುದು, ಮನೆ ಡೆಪಾಸಿಟ್‌ಗೆ ಕೈಸಾಲ ಕೊಡುವುದು, ನವೆಂಬರ್ ಬಂದರೆ ರಾಜ್ಯೋತ್ಸವ ಮಾಡಿಸುವುದು ಎಲ್ಲ ಅವರೇ. ಬಾಯಿ ಮಾತ್ರ ಸ್ವಲ್ಪ ಸಡಿಲ. ಸುತ್ತ ಕೂತವರ ಮೇಲೆ ಕನ್ನಡದಲ್ಲಿ ರನ್ನಿಂಗ್ ಕಾಮೆಂಟರಿ ನಡೆಯುತ್ತಲೇ ಇರುತ್ತದೆ. ಯಾರ ನಡಿಗೆ ಹೇಗೆ, ಯಾರ ಡ್ರೆಸ್ಸು ಹೇಗೆ, ಯಾರು ಯಾರ ಜೊತೆ. "ಇಲ್ಲಿ ಯಾರಿಗೆ ಅರ್ಥ ಆಗುತ್ತೆ ಬಿಡೋ" ಅನ್ನುವುದು ಅವರ ಖಾಯಂ ಮಾತು.

ಅವತ್ತು ಕ್ಯಾಂಟೀನಿನಲ್ಲಿ ಮಿಸಳ್. ಪಕ್ಕದ ಟೇಬಲ್ಲಿಗೆ ಬೇರೆ ಟೀಮಿನ ಒಬ್ಬಳು ಬಂದು ಕೂತಳು. ಮದುವೆ ರಜೆ ಮುಗಿಸಿ ಬಂದಿದ್ದಳು, ಕೈಯಲ್ಲಿ ಹಸಿರು ಬಳೆ ಇನ್ನೂ ಹಾಗೇ ಇತ್ತು. ನಮ್ಮವರು ಆ ಬಳೆಯಿಂದ ಶುರು ಮಾಡಿ ಹನಿಮೂನಿನ ತನಕ ಹೋದರು. ಇಲ್ಲಿ ಬರೆಯುವಂಥ ಮಾತಲ್ಲ. ಟೇಬಲ್ಲಿಗೆ ಟೇಬಲ್ಲೇ ನಕ್ಕಿತು. ಅವಳು ಪೂರ್ತಿ ಊಟ ಮಾಡಿದಳು, ಪಾವ್‌ನಲ್ಲಿ ತಟ್ಟೆಯ ರಸ ಒರೆಸಿ ತಿಂದಳು, ಎದ್ದು ತಟ್ಟೆ ಇಡಲು ಹೋಗುವಾಗ ನಮ್ಮ ಹತ್ತಿರ ನಿಂತಳು. "ನಾ ಅಕ್ಕಲಕೋಟದಾಕಿ ರೀ. ನೀವು ದಿನಾ ಮಾತಾಡೋದು ಎಲ್ಲಾ ನಂಗ ತಿಳೀತೈತಿ" ಅಂದು ಹೋದಳು.

ಆಮೇಲೆ ಎಲ್ಲ ತಣ್ಣಗಾಯಿತು ಅಂದುಕೊಂಡಿದ್ದೆವು. ಈಗ ಇಂಟರ್ನಲ್ ಕಮಿಟಿಯಿಂದ ನನಗೆ ಮೇಲ್ ಬಂದಿದೆ. ಸಾಕ್ಷಿ ಪಟ್ಟಿಯಲ್ಲಿ ನನ್ನ ಹೆಸರು ಅವಳೇ ಕೊಟ್ಟಿದ್ದಾಳೆ. ನಮ್ಮ ಯಜಮಾನರು ಫೋನ್ ಮಾಡಿ, "ಗಲಾಟೆ ಇತ್ತು, ಸರಿಯಾಗಿ ಕೇಳಿಸಲಿಲ್ಲ ಅಂತ ಹೇಳಿಬಿಡು, ಅಷ್ಟೇ" ಅಂದರು. ನನಗೆ ಚೆನ್ನಾಗಿಯೇ ಕೇಳಿಸಿದೆ. ಯಾರಾದರೂ ಈ ತರದ್ದು ನೋಡಿದ್ದೀರಾ?

ಕೊತ್ರೂಡ್ ಕಾಫಿ:

ಒಂದು ಜೋಕಿಗೆ ಕಮಿಟಿ, ಸಾಕ್ಷಿ, ವಿಚಾರಣೆ! ಎಲ್ಲಿಗೆ ಬಂತಪ್ಪ ಕಾಲ. ಊಟದ ಹೊತ್ತಿನಲ್ಲಿ ನಾಲ್ಕು ಜನ ನಗುವುದು ಬೇಡವಾ? ಅವಳ ಜೊತೆ ಮಾತಾಡಿದ್ದೂ ಅಲ್ಲ, ನಿಮ್ಮ ನಿಮ್ಮಲ್ಲೇ ಮಾತಾಡಿಕೊಂಡಿದ್ದು. ಆಮೇಲೆ, ಬಾಂಬೆ ಹೈಕೋರ್ಟೇ ಹೇಳಿದೆಯಲ್ಲ, ಸಹೋದ್ಯೋಗಿಯ ಕೂದಲ ಬಗ್ಗೆ ತಮಾಷೆ ಮಾಡಿದರೆ ಅದು ಲೈಂಗಿಕ ಕಿರುಕುಳ ಅಲ್ಲ ಅಂತ. ಪೇಪರಿನಲ್ಲಿ ಬಂದಿತ್ತು. ಆ ಲಿಂಕ್ ನಿಮ್ಮ ಸೀನಿಯರ್‌ಗೆ ಕಳಿಸಿ, ಧೈರ್ಯ ಬರುತ್ತದೆ.

ನಿರ್ವಾಹಕರು:

ಮೊದಲ ಪೋಸ್ಟಿನಲ್ಲಿ ಊರು, ಟೀಮು, ಇನ್ನೆರಡು ಗುರುತುಗಳನ್ನು ಬರೆದವರ ಒಪ್ಪಿಗೆ ಪಡೆದು ಬದಲಾಯಿಸಿದ್ದೇವೆ. ವಿಚಾರಣೆ ನಡೆಯುತ್ತಿರುವ ವಿಷಯ. ಯಾವ ಕಂಪನಿ, ಯಾರು ಅಂತ ಊಹೆ ಮಾಡಿ ಬರೆದರೆ ಆ ಕಾಮೆಂಟ್ ತೆಗೆಯುತ್ತೇವೆ.

ಕರಿಕೋಟು:

ಶಿವಾಜಿನಗರ ಕೋರ್ಟಿನ ಕಡೆ ಓಡಾಡುವವನು ನಾನು. ನಿರ್ವಾಹಕರು ಒಳ್ಳೆಯ ಕೆಲಸ ಮಾಡಿದರು. ಪಾಶ್ ಕಾಯ್ದೆ, ಅಂದರೆ ಕೆಲಸದ ಜಾಗದಲ್ಲಿ ಹೆಂಗಸರಿಗೆ ಆಗುವ ಲೈಂಗಿಕ ಕಿರುಕುಳ ತಡೆಯುವ ಕಾಯ್ದೆ, ಅದರ 16ನೇ ಸೆಕ್ಷನ್ ಪ್ರಕಾರ ದೂರು ಕೊಟ್ಟವರು, ಆರೋಪಿ, ಸಾಕ್ಷಿ, ಮೂವರ ಗುರುತೂ ಹೊರಗೆ ಬರಬಾರದು. ಒಳಗೆ ಏನು ನಡೆಯಿತು ಅನ್ನುವುದೂ ಬರಬಾರದು. ಹಾಗಾಗಿ ವಾಕಡ್‌ವಾಸಿಯವರೇ, ಇನ್ನು ಮುಂದೆ ಈ ಕೇಸಿನ ಬಗ್ಗೆ ಒಂದು ಅಕ್ಷರ ಕೂಡ ಇಲ್ಲಿ ಹಾಕಬೇಡಿ.

ಈಗ ಕೊತ್ರೂಡ್ ಕಾಫಿಯವರ ಹೈಕೋರ್ಟಿಗೆ ಬರೋಣ. ಆ ತೀರ್ಪು 2025ರ ಮಾರ್ಚ್‌ನದ್ದು. ಒಂದು ಬ್ಯಾಂಕಿನ ಟ್ರೈನಿಂಗ್ ಸೆಷನ್. ಸಹೋದ್ಯೋಗಿಯ ಉದ್ದ ಕೂದಲು ನೋಡಿ, ಇದನ್ನು ಸಂಭಾಳಿಸಲು ಜೆಸಿಬಿ ಬೇಕು ಅನ್ನುವ ಅರ್ಥದ ಮಾತು, ಜೊತೆಗೆ ಕೂದಲಿನ ಮೇಲಿರುವ ಹಳೆಯ ಹಿಂದಿ ಹಾಡಿನ ಒಂದು ಸಾಲು. ಬ್ಯಾಂಕಿನ ಕಮಿಟಿ ತಪ್ಪು ಅಂದಿತು, ಆತನಿಗೆ ಹಿಂಬಡ್ತಿ ಆಯಿತು. ಪುಣೆಯ ಇಂಡಸ್ಟ್ರಿಯಲ್ ಕೋರ್ಟೂ ಅದನ್ನೇ ಎತ್ತಿ ಹಿಡಿಯಿತು. ಹೈಕೋರ್ಟ್ ಎರಡನ್ನೂ ರದ್ದು ಮಾಡಿತು. ಆರೋಪ ಪೂರ್ತಿ ನಿಜ ಅಂತ ಇಟ್ಟುಕೊಂಡರೂ ಈ ಮಾತು ಲೈಂಗಿಕ ಕಿರುಕುಳದ ಮಟ್ಟಕ್ಕೆ ಬರುವುದಿಲ್ಲ ಅನ್ನುವುದು ಅದರ ತಾತ್ಪರ್ಯ. ಅಂದರೆ ಕೋರ್ಟು ಆ ಮಾತನ್ನೇ ಎತ್ತಿ ತೂಗಿ ನೋಡಿತು. ತಮಾಷೆ ಅನ್ನುವ ಲೇಬಲ್ ಅಂಟಿಸಿದರೆ ಯಾವ ಮಾತಾದರೂ ನಡೆಯುತ್ತದೆ ಅಂತ ಎಲ್ಲೂ ಹೇಳಿಲ್ಲ. ಕೂದಲು ಬೇರೆ, ಹೊಸದಾಗಿ ಮದುವೆಯಾದವಳ ಹನಿಮೂನ್ ಬೇರೆ. ಕಾಯ್ದೆಯ 2ನೇ ಸೆಕ್ಷನ್ನಿನಲ್ಲಿ ಲೈಂಗಿಕ ಬಣ್ಣದ ಮಾತು ಅಂತ ಪ್ರತ್ಯೇಕವಾಗಿಯೇ ಬರೆದಿದ್ದಾರೆ. ಬೇಡದ, ಲೈಂಗಿಕ ಸ್ವರೂಪದ ಮಾತು, ವರ್ತನೆ ಅಂತ ಇನ್ನೊಂದು ಸಾಲೂ ಇದೆ. ಹೇಳಿದವನ ಮನಸ್ಸಿನಲ್ಲಿ ಏನಿತ್ತು ಅನ್ನುವುದರಿಂದ ಅಲ್ಲಿ ಲೆಕ್ಕ ಶುರುವಾಗುವುದಿಲ್ಲ.

ಒಂದು ಮಾತು ಕೊತ್ರೂಡ್ ಕಾಫಿಯವರ ಪರವಾಗಿ. ಆ ಮನುಷ್ಯನಿಗೆ ಹೈಕೋರ್ಟಿನಲ್ಲಿ ನ್ಯಾಯ ಸಿಗುವ ಹೊತ್ತಿಗೆ ಘಟನೆ ನಡೆದು ಎರಡೂಮುಕ್ಕಾಲು ವರ್ಷ ಕಳೆದಿತ್ತು. ಸಣ್ಣ ಮಾತಿಗೆ ಜಾಸ್ತಿ ಶಿಕ್ಷೆ ಆಗುವುದೂ ಉಂಟು, ಅದನ್ನು ನಾನು ಅಲ್ಲಗಳೆಯುವುದಿಲ್ಲ.

ಸಾಕ್ಷಿಗೆ ಹೇಳುವುದು ಇಷ್ಟೇ. ಕೇಳಿಸಿದ್ದು ಕೇಳಿಸಿತು ಅನ್ನಿ, ಕೇಳಿಸದ್ದು ಕೇಳಿಸಲಿಲ್ಲ ಅನ್ನಿ. ಅರ್ಥ ಬಿಡಿಸಿ ಹೇಳಲು ಹೋಗಬೇಡಿ. ಅವರು ಆಡಿದ ಶಬ್ದಗಳು ನೆನಪಿದ್ದರೆ ಕನ್ನಡದಲ್ಲೇ ಬರೆಸಿ, ಕೆಳಗೆ ಹಿಂದಿಯೋ ಇಂಗ್ಲಿಷೋ ಕಮಿಟಿಯವರೇ ಮಾಡಿಸಿಕೊಳ್ಳಲಿ. ಫೋನ್ ಬಂದ ವಿಷಯವನ್ನೂ ಹೇಳಿ. ಅದನ್ನು ಮುಚ್ಚಿಟ್ಟರೆ ನಾಳೆ ನಿಮ್ಮ ಕುತ್ತಿಗೆಗೇ ಬರುತ್ತದೆ.

ಭೀಮಾತೀರ:

ಅಕ್ಕಲಕೋಟೆ ಅಂತ ನಿಜವಾಗಿ ಇತ್ತೋ, ಬದಲಾಯಿಸಿದ್ದೋ ಗೊತ್ತಿಲ್ಲ, ಆದರೆ ನಾನು ಆ ಕಡೆಯವಳೇ. ಓದಿ ನಗು ಬಂತು, ಸಿಟ್ಟೂ ಬಂತು. ಸೊಲ್ಲಾಪುರ ಜಿಲ್ಲೆಯ ಅಕ್ಕಲಕೋಟೆ, ದಕ್ಷಿಣ ಸೊಲ್ಲಾಪುರ, ಸಾಂಗ್ಲಿ ಜಿಲ್ಲೆಯ ಜತ್ತ, ಈ ಕಡೆ ಮನೆ ಮನೆಯಲ್ಲಿ ಕನ್ನಡ ಇದೆ. ಕನ್ನಡ ಶಾಲೆಗಳೂ ಇವೆ. ನಮ್ಮೂರಿನ ಮಕ್ಕಳು ಕೆಲಸ ಹುಡುಕಿಕೊಂಡು ಎಲ್ಲಿಗೆ ಬರುತ್ತಾರೆ? ಪುಣೆಗೇ. ಅಡ್ಡಹೆಸರು ನೋಡಿ ಮರಾಠಿಯವರು ಅಂದುಕೊಳ್ಳುತ್ತೀರಿ. ಲಿಫ್ಟಿನಲ್ಲಿ, ಕ್ಯಾಬಿನಲ್ಲಿ, ಕಾಫಿ ಮಷಿನ್ ಹತ್ತಿರ ಬೆಂಗಳೂರು, ಮೈಸೂರು ಕಡೆಯವರು ನಮ್ಮೆದುರಿಗೇ ನಮ್ಮನ್ನು ಆಡಿಕೊಳ್ಳುವುದನ್ನು ಎಷ್ಟು ಕೇಳಿಸಿಕೊಂಡಿದ್ದೇನೆ ಅಂದರೆ, ಒಂದು ಪುಸ್ತಕ ಆಗುತ್ತದೆ. ಬಾಯಿ ಬಿಟ್ಟು ಹೇಳಿದರೆ ಏನಾಗುತ್ತೆ ಗೊತ್ತಾ? "ಅಯ್ಯೋ, ನಿಮ್ಮದು ಕನ್ನಡವಾ!" ಅಂತ ಎರಡನೇ ಜೋಕು ನಮ್ಮ ಮಾತಿನ ಧಾಟಿಯ ಮೇಲೆ ಶುರುವಾಗುತ್ತದೆ.

ಆ ಹುಡುಗಿ "ದಿನಾ" ಅಂದಿದ್ದಾಳೆ, ಗಮನಿಸಿದಿರಾ? ಅವಳು ಬಹಳ ದಿನದಿಂದ ಕೇಳಿಸಿಕೊಂಡು ಸುಮ್ಮನಿದ್ದವಳು. ನೀವೆಲ್ಲ ಒಂದು ಜೋಕು, ಒಂದು ಜೋಕು ಅಂತ ಬರೆಯುತ್ತಿದ್ದೀರಿ.

ಭೋಸರಿ ಸೆಕೆಂಡ್ ಶಿಫ್ಟ್:

ನಿಮ್ಮದೆಲ್ಲ ಎಸಿ ಆಫೀಸಿನ ಕಥೆ. ನಾನು ಮಷಿನ್ ಶಾಪಿನವನು, ಎಂಐಡಿಸಿ ಕೈಗಾರಿಕಾ ಪ್ರದೇಶದಲ್ಲಿ. ನಮ್ಮಲ್ಲಿ ತಮಾಷೆ ಅಂದರೆ ಮೈಮೇಲೆ ಬರುವ ತಮಾಷೆ. ಎದ್ದು ನಿಂತವನ ಸ್ಟೂಲ್ ಎಳೆಯುವುದು. ಗ್ರೀಸ್ ಹಚ್ಚಿದ ಸ್ಪ್ಯಾನರ್ ಕೈಗೆ ಕೊಡುವುದು. ಹೊಸ ಅಪ್ರೆಂಟಿಸ್‌ನನ್ನು ಸ್ಟೋರಿಗೆ ಕಳಿಸಿ ಇಲ್ಲದ ಪಾರ್ಟ್ ಕೇಳಿಸುವುದು. ಕೊನೆಯದರಲ್ಲಿ ಯಾರಿಗೂ ಏನೂ ಆಗುವುದಿಲ್ಲ ಬಿಡಿ. ಸ್ಟೋರಿನವರು ನಗುತ್ತಾರೆ, ಹುಡುಗನೂ ನಗುತ್ತಾನೆ, ಮುಂದಿನ ಬ್ಯಾಚಿಗೆ ಅವನೇ ಅದನ್ನು ಮಾಡುತ್ತಾನೆ.

ಆದರೆ ಕಂಪ್ರೆಸರ್ ಗಾಳಿ ಅಂತ ಒಂದಿದೆ. ಶಿಫ್ಟ್ ಮುಗಿಯುವ ಹೊತ್ತಿಗೆ ಎಲ್ಲರೂ ಏರ್ ಗನ್ ಹಿಡಿದು ಬಟ್ಟೆ ಮೇಲಿನ ಲೋಹದ ಪುಡಿ ಹಾರಿಸಿಕೊಳ್ಳುತ್ತಾರೆ. ಅದೇ ತಪ್ಪು, ಆದರೂ ಮಾಡುತ್ತಾರೆ. ಆ ಹೊತ್ತಿನಲ್ಲಿ ಯಾರಿಗೋ ಕೀಟಲೆ ಹೊಳೆಯುತ್ತದೆ. ಹಿಂದಿನಿಂದ ಹೋಗಿ ಇನ್ನೊಬ್ಬನ ಪ್ಯಾಂಟಿಗೆ ನಾಜಲ್ ಇಡುವುದು. ಲೈನಿನಲ್ಲಿ ಇರುವ ಒತ್ತಡ ಸಾಮಾನ್ಯವಾಗಿ 6-7 ಬಾರ್. ಕಾರಿನ ಟೈರಿಗೆ ಹಾಕುವುದು ಸುಮಾರು ಎರಡೂ ಚಿಲ್ಲರೆ ಬಾರ್. ಕರುಳು ಅದಕ್ಕಿಂತ ಬಹಳ ಕಡಿಮೆಗೇ ಹರಿಯುತ್ತದೆ. ಗಾಳಿ ಒಳಗೆ ಹೋಗಲು ಎರಡು ಸೆಕೆಂಡ್ ಸಾಕು, ಬಟ್ಟೆ ಇದ್ದರೂ ತಡೆಯುವುದಿಲ್ಲ. ಹೊಟ್ಟೆ ಉಬ್ಬುತ್ತದೆ, ಮೊದಲು ಗ್ಯಾಸ್ ಅಂದುಕೊಳ್ಳುತ್ತಾರೆ, ಆಮೇಲೆ ಆಪರೇಷನ್ ಥಿಯೇಟರ್. ಹೀಗೆ ಸತ್ತವರ ಸುದ್ದಿ ಪುಣೆಯೂ ಸೇರಿ ದೇಶದ ಬೇರೆ ಬೇರೆ ಕಡೆಯಿಂದ ಬಂದಿದೆ. ಎಷ್ಟೋ ಸಲ ಗಾಳಿ ಬಿಟ್ಟವನು ಸತ್ತವನ ಗೆಳೆಯನೇ. ಜೊತೆಗೇ ಡಬ್ಬಿ ಬಿಚ್ಚಿ ತಿಂದವನು ಜೈಲಿಗೆ ಹೋಗುತ್ತಾನೆ, "ಮಸ್ಕರಿ ಕೇಲಿ ಸಾಹೇಬ್" (ತಮಾಷೆ ಮಾಡಿದೆ ಸಾಹೇಬ್) ಅಂತ ಅಳುತ್ತಾ.

ನಮ್ಮ ಶಾಪಿನಲ್ಲಿ ಈಗ ನಿಯಮ ಸರಳ. ನಾಜಲ್ ಯಾರ ಮೈ ಕಡೆ ತಿರುಗಿದರೂ ಅವತ್ತೇ ಗೇಟಿನ ಹೊರಗೆ. ತಮಾಷೆಗೋ ನಿಜಕ್ಕೋ ಅಂತ ಫೋರ್‌ಮನ್ ಕೇಳುವುದೇ ಇಲ್ಲ.

ಕೊತ್ರೂಡ್ ಕಾಫಿ:

ಭೋಸರಿಯವರೇ, ಅದು ತಮಾಷೆ ಅಲ್ಲ, ಕೊಲೆ. ಅದಕ್ಕೂ ಬಾಯಿಮಾತಿಗೂ ಹೋಲಿಸುವುದು ಯಾವ ನ್ಯಾಯ?

ಭೋಸರಿ ಸೆಕೆಂಡ್ ಶಿಫ್ಟ್:

ಹೋಲಿಸಿಲ್ಲ. ಮಾಡಿದವನ ಬಾಯಲ್ಲಿ ಬರುವ ಮಾತು ಎರಡು ಕಡೆಯೂ ಒಂದೇ ಅಂತ ಹೇಳಿದೆ.

ಡೊಂಬಿವಲಿ ಫಾಸ್ಟ್:

ನಾನು ರಿಟೈರ್ ಆಗಿ ಬಹಳ ವರ್ಷವಾಯಿತು. ಮುಂಬಯಿ ಫೋರ್ಟಿನಲ್ಲಿ ಕೆಲಸಕ್ಕೆ ಸೇರಿದ್ದು ಎಪ್ಪತ್ತರ ದಶಕದಲ್ಲಿ. ಈಗಿನವರಿಗೆ ಗೊತ್ತಿರಲಿಕ್ಕಿಲ್ಲ, 1966ರಲ್ಲಿ ಶಿವಸೇನೆ ಹುಟ್ಟಿದ ಮೇಲಿನ ವರ್ಷಗಳಲ್ಲಿ ಮದ್ರಾಸಿಗಳ ಮೇಲೆ "ಬಜಾವ್ ಪುಂಗಿ, ಹಟಾವ್ ಲುಂಗಿ" ಅನ್ನುವ ಘೋಷಣೆ ಬೀದಿಯಲ್ಲಿ ಕೇಳುತ್ತಿತ್ತು. ಉಡುಪಿ ಹೋಟೆಲುಗಳಿಗೆ ಕಲ್ಲು ಬಿದ್ದದ್ದೂ ಉಂಟು. ಕನ್ನಡ, ತುಳು, ತಮಿಳು, ಮಲಯಾಳ ಎಲ್ಲ ಅವರ ಲೆಕ್ಕದಲ್ಲಿ ಒಂದೇ. ನಾನು ಕೆಲಸಕ್ಕೆ ಸೇರುವ ಹೊತ್ತಿಗೆ ಬೀದಿಯ ಬಿಸಿ ಇಳಿದಿತ್ತು. ಆದರೆ ಘೋಷಣೆ ಆಫೀಸಿನೊಳಗೆ ಜೋಕಾಗಿ ಬಂದು ಕೂತಿತ್ತು. ನಾನು ಒಳಗೆ ಕಾಲಿಟ್ಟರೆ ಒಬ್ಬ ಮೂಗು ಹಿಡಿದು ಪುಂಗಿ ಊದಿದ ಹಾಗೆ ಶಬ್ದ ಮಾಡುತ್ತಿದ್ದ. ಪ್ಯಾಂಟು ಹಾಕಿಕೊಂಡೇ ಹೋಗುತ್ತಿದ್ದೆ, ಆದರೂ. ಒಳ್ಳೆಯ ಹುಡುಗನೇ. ನನ್ನ ಮಗಳ ನಾಮಕರಣಕ್ಕೆ ಬೆಳ್ಳಿ ಬಟ್ಟಲು ತಂದಿದ್ದ.

ಅವನಿಗೆ ಅದು ಸದ್ದು ಅಷ್ಟೇ. ಮಾಟುಂಗಾದಲ್ಲಿ ಅಂಗಡಿ ಬಾಗಿಲು ಹಾಕಿಕೊಂಡು ಒಳಗೆ ಕೂತ ಭಾವನ ನೆನಪು ನನಗೆ. ಅವನಿಗೆ ಇದನ್ನು ಯಾರು ಹೇಳಬೇಕು? ನಾನು ಹೇಳಲಿಲ್ಲ. ಪ್ರೊಬೇಷನ್ ಇತ್ತು, ಆಮೇಲೆ ಪ್ರಮೋಷನ್ ಇತ್ತು.

ಇನ್ನೊಂದು ಸಂಗತಿ. ನಮ್ಮ ಕನ್ನಡದ ಬಳಗದಲ್ಲೇ ಆಮೇಲೆ ಬಂದ ಬಿಹಾರ, ಯುಪಿ ಹುಡುಗರನ್ನು "ಭಯ್ಯಾ" ಅಂತ ಅಣಕಿಸುವುದು ಎಷ್ಟು ಸಲೀಸಾಗಿ ಶುರುವಾಯಿತು ಅಂದರೆ, ಪುಂಗಿ ಊದಿಸಿಕೊಂಡವರೇ ಮುಂದೆ ನಿಂತು ನಗುತ್ತಿದ್ದರು.

ಹಿಂಜವಾಡಿ ಟ್ರಾಫಿಕ್:

ಇದು ಈಗಲೂ ಇದೆ ಸರ್. ನಮ್ಮ ಟೀಮಿನಲ್ಲಿ ಯಾರಾದರೂ ಸೌತಿನವರು ಪ್ರೆಸೆಂಟೇಷನ್ ಮಾಡಿದರೆ ಕಾಲ್ ಮುಗಿದ ಮೇಲೆ "ಯಂಡು ಗುಂಡು" ಅಂತ ನಮ್ಮ ಭಾಷೆಯ ಅಣಕ ಶುರು. ಬೆಳಗಾವಿ ಸುದ್ದಿ ಟಿವಿಯಲ್ಲಿ ಬಂದ ವಾರವಂತೂ ಕೇಳಲೇಬೇಡಿ, "ಕ್ಯಾ ಅಣ್ಣಾ, ಬೆಳಗಾವ್ ಕಬ್ ದೇ ರಹೇ ಹೋ" ಅಂತ ಕಾಫಿ ಹತ್ತಿರ ಹತ್ತು ಜನ. ನಾನು ನಕ್ಕು ಬಿಡುತ್ತೇನೆ. ನಗದೆ ಇದ್ದರೆ ಮುಂದಿನ ರಿಲೀಸಿನ ಶನಿವಾರದ ಡ್ಯೂಟಿ ಯಾರಿಗೆ ಬೀಳುತ್ತದೆ ಅಂತ ಗೊತ್ತು.

ಖರಾಡಿ ಕಮಿಟಿ:

ನಾನು ನಮ್ಮ ಕಂಪನಿಯ ಐಸಿಯಲ್ಲಿ ಮೆಂಬರ್. ಯಾವ ಕಂಪನಿ ಅಂತ ಕೇಳಬೇಡಿ. ಹಿಂಜವಾಡಿ ಟ್ರಾಫಿಕ್ ಅವರು ಕೊನೆಗೆ ಬರೆದ ಸಾಲು ಇದೆಯಲ್ಲ, ನಮ್ಮ ಮುಂದೆ ಬರುವ ಜೋಕಿನ ಕೇಸುಗಳಲ್ಲಿ ಎಲ್ಲ ಜಗಳವೂ ಅಲ್ಲೇ ಬಂದು ನಿಲ್ಲುತ್ತದೆ. ಆರೋಪಿ ಹೇಳುವ ಮೊದಲ ಮಾತು ತಮಾಷೆಗೆ ಹೇಳಿದೆ. ಎರಡನೆಯದು, ಅವಳೂ ನಕ್ಕಳು ಮೇಡಂ, ಬೇಕಾದರೆ ಯಾರನ್ನಾದರೂ ಕೇಳಿ. ಕೇಳುತ್ತೇವೆ. ಎಲ್ಲರೂ ಹೌದು, ನಕ್ಕಳು ಅನ್ನುತ್ತಾರೆ. ಅದು ನಿಜವೂ ಇರುತ್ತದೆ.

ಮನೆಯಲ್ಲಿ ಭಾವ ಕೆಟ್ಟ ಜೋಕು ಮಾಡಿದರೆ ಎದ್ದು ಅಡುಗೆಮನೆಗೆ ಹೋಗಬಹುದು. ನಾಟಕ ಇಷ್ಟ ಆಗದಿದ್ದರೆ ಎದ್ದು ಬರಬಹುದು. ಸ್ಟ್ಯಾಂಡಪ್ ಮೀಟಿಂಗಿನಿಂದ ಎದ್ದು ಎಲ್ಲಿಗೆ ಹೋಗುತ್ತೀರಿ? ಜೋಕು ಮಾಡಿದವನೇ ಅಪ್ರೈಸಲ್ ಬರೆಯುವವನು. ನಗು ಅಲ್ಲಿ ಹಾಜರಿ ಹಾಕಿದ ಹಾಗೆ. ನಾನು ವಿಚಾರಣೆಯಲ್ಲಿ ನಕ್ಕಳಾ ಅಂತ ಕೇಳುವುದನ್ನೇ ಬಿಟ್ಟಿದ್ದೇನೆ. ಅದರ ಬದಲು ಆಮೇಲೆ ಏನಾಯಿತು ಅಂತ ಕೇಳುತ್ತೇನೆ. ಊಟದ ಟೇಬಲ್ ಬದಲಾಯಿಸಿದಳಾ? ಕ್ಯಾಬಿನ ಟೈಮಿಂಗ್ ಬದಲಾಯಿಸಿಕೊಂಡಳಾ? ಮೀಟಿಂಗಿನಲ್ಲಿ ಕ್ಯಾಮೆರಾ ಆಫ್ ಮಾಡಲು ಶುರು ಮಾಡಿದ್ದು ಯಾವಾಗ? ಇವಕ್ಕೆ ಉತ್ತರ ಸುಳ್ಳು ಹೇಳುವುದು ಕಷ್ಟ, ದಾಖಲೆ ಇರುತ್ತದೆ.

ಹೊಸಬರಿಗಾಗಿ ಸ್ವಲ್ಪ ಹೇಳುತ್ತೇನೆ. ಮೊದಲು ಕೆಲಸದ ಜಾಗದ ಲೈಂಗಿಕ ಕಿರುಕುಳದ ಬಗ್ಗೆ ಸುಪ್ರೀಂ ಕೋರ್ಟಿನ 1997ರ ವಿಶಾಖಾ ತೀರ್ಪು, ಅದರ ಮೇಲೆ 2013ರ ಪಾಶ್ ಕಾಯ್ದೆ. ಹತ್ತು ಅಥವಾ ಜಾಸ್ತಿ ಜನ ಇರುವ ಕಡೆ ಕಮಿಟಿ ಇರಲೇಬೇಕು. ಅರ್ಧದಷ್ಟಾದರೂ ಹೆಂಗಸರು, ಅಧ್ಯಕ್ಷತೆ ಸೀನಿಯರ್ ಹೆಂಗಸಿನದ್ದು, ಒಬ್ಬರು ಹೊರಗಿನವರು. ಹತ್ತಕ್ಕಿಂತ ಕಡಿಮೆ ಜನ ಇದ್ದರೆ ಜಿಲ್ಲೆಯ ಲೋಕಲ್ ಕಮಿಟಿ. ದೂರು ಮೂರು ತಿಂಗಳೊಳಗೆ ಕೊಡಬೇಕು, ಕಾರಣ ಇದ್ದರೆ ಇನ್ನೂ ಮೂರು ತಿಂಗಳು ಕೊಡಬಹುದು. ವಿಚಾರಣೆಗೆ 90 ದಿನ. ವಕೀಲರನ್ನು ಕರೆತರುವ ಹಾಗಿಲ್ಲ, ಎರಡು ಕಡೆಯವರೂ. ಕಂಪನಿ ಕ್ಯಾಬು, ಬಸ್ಸು ಕೂಡ ಕೆಲಸದ ಜಾಗವೇ. ಔಟಿಂಗಿಗೆ ಲೋನಾವಳಕ್ಕೋ ಗೋವಾಕ್ಕೋ ಹೋದರೆ ಅದೂ ಸೇರುತ್ತದೆ. ಅಲ್ಲಿ ಬಂದು "ಆಫೀಸ್ ಇಲ್ಲೆಲ್ಲಿ" ಅನ್ನುವವರು ಪ್ರತಿ ವರ್ಷ ಒಬ್ಬರಾದರೂ ಸಿಗುತ್ತಾರೆ.

ಕೊತ್ರೂಡ್ ಕಾಫಿಯವರ ಭಯ ಶಿಕ್ಷೆಯ ಬಗ್ಗೆ ಇದ್ದರೆ, ಎಲ್ಲದಕ್ಕೂ ಕೆಲಸ ಹೋಗುವುದಿಲ್ಲ. ಬರೆದುಕೊಟ್ಟ ಕ್ಷಮೆ, ಎಚ್ಚರಿಕೆ, ಕೌನ್ಸೆಲಿಂಗ್, ಇನ್‌ಕ್ರಿಮೆಂಟ್ ತಡೆಯುವುದು, ಹೀಗೆ ಮೆಟ್ಟಿಲುಗಳಿವೆ. ದೂರು ಕೊಟ್ಟವಳು ಬಯಸಿದರೆ ವಿಚಾರಣೆಗೆ ಮೊದಲೇ ರಾಜಿಯೂ ಆಗಬಹುದು, ದುಡ್ಡಿನ ವ್ಯವಹಾರ ಮಾತ್ರ ಇರಬಾರದು. ಬಹಳ ಹೆಂಗಸರು ಕೇಳುವುದು ಅದು ನಿಲ್ಲಲಿ ಅಂತ, ಅಷ್ಟೇ.

ಕೊತ್ರೂಡ್ ಕಾಫಿ:

ಸರಿ. ಆದರೆ ಉಲ್ಟಾ ಕೇಸುಗಳ ಬಗ್ಗೆ ಯಾರೂ ಮಾತಾಡುವುದಿಲ್ಲವಲ್ಲ. ಯಾರೋ ಸಿಟ್ಟಿಗೆ ಸುಳ್ಳು ದೂರು ಕೊಟ್ಟರೆ?

ಕರಿಕೋಟು:

14ನೇ ಸೆಕ್ಷನ್. ಬೇಕೆಂದೇ ಸುಳ್ಳು ದೂರು ಕೊಟ್ಟದ್ದು ಸಾಬೀತಾದರೆ ದೂರು ಕೊಟ್ಟವರ ಮೇಲೂ ಕ್ರಮ ಇದೆ. ಆದರೆ ಸಾಬೀತು ಮಾಡಲು ಆಗಲಿಲ್ಲ ಅನ್ನುವ ಒಂದೇ ಕಾರಣಕ್ಕೆ ಅದು ಸುಳ್ಳು ದೂರು ಆಗುವುದಿಲ್ಲ, ಅದನ್ನೂ ಅಲ್ಲೇ ಬರೆದಿದ್ದಾರೆ. ಇನ್ನು ಆರೋಪಿಯ ಹಕ್ಕು. ಗೋವಾದ ವಿಶ್ವವಿದ್ಯಾಲಯದ ಒಂದು ಪ್ರಕರಣದಲ್ಲಿ, ಕಮಿಟಿ ತರಾತುರಿಯಲ್ಲಿ ವಿಚಾರಣೆ ಮುಗಿಸಿ ಆತನಿಗೆ ತನ್ನ ಪರ ಹೇಳಲು ಸರಿಯಾದ ಅವಕಾಶ ಕೊಡಲಿಲ್ಲ ಅಂತ ಸುಪ್ರೀಂ ಕೋರ್ಟ್ 2023ರ ಮೇ ತಿಂಗಳಲ್ಲಿ ಶಿಕ್ಷೆ ರದ್ದು ಮಾಡಿ ಮತ್ತೆ ಕಮಿಟಿಗೇ ಕಳಿಸಿತು. ಅದೇ ತೀರ್ಪಿನಲ್ಲಿ ದೇಶದಲ್ಲಿ ಎಲ್ಲೆಲ್ಲಿ ಕಮಿಟಿಗಳು ನಿಜವಾಗಿ ಇವೆ ಅಂತ ಪರಿಶೀಲಿಸಲೂ ಹೇಳಿತು. ಎರಡೂ ಒಂದೇ ತೀರ್ಪಿನಲ್ಲಿದೆ, ಆದರೆ ಎಲ್ಲರೂ ತಮಗೆ ಬೇಕಾದ ಅರ್ಧವನ್ನು ಮಾತ್ರ ಓದುತ್ತಾರೆ.

ಪಿಂಪರಿ ಮೌನ:

ಗಂಡಸರ ಕಥೆ ಯಾರೂ ಕೇಳಲಿಲ್ಲ, ಹೇಳಿಬಿಡುತ್ತೇನೆ. ನನಗೆ ಎರಡೂ ಕಿವಿಗೆ ಹಿಯರಿಂಗ್ ಏಡ್ ಇದೆ. ನಮ್ಮ ಆಫೀಸಿನ ದೊಡ್ಡ ಮನರಂಜನೆ ಏನು ಅಂದರೆ, ಮಾತಾಡುತ್ತಾ ಇದ್ದವರು ಸಡನ್ನಾಗಿ ಶಬ್ದ ನಿಲ್ಲಿಸಿ ತುಟಿ ಮಾತ್ರ ಅಲ್ಲಾಡಿಸುವುದು. ನನಗೆ ಬ್ಯಾಟರಿ ಹೋಯಿತು ಅನಿಸುತ್ತದೆ. ಕೈ ಕಿವಿಗೆ ಹೋಗುತ್ತದೆ, ಏಡ್ ತೆಗೆಯುತ್ತೇನೆ, ಚಿಕ್ಕ ಬ್ಯಾಟರಿ ಬದಲಾಯಿಸಲು ಬಾಗಿಲು ತೆರೆಯುತ್ತೇನೆ. ಆಗ ಎಲ್ಲರೂ ಹೋ ಅಂತ ನಗುತ್ತಾರೆ. ಆ ನಗು ಮಾತ್ರ ನನಗೆ ಕೇಳುವುದಿಲ್ಲ, ಏಡ್ ಕೈಯಲ್ಲಿರುತ್ತದೆ. ಮುಖಗಳಷ್ಟೇ ಕಾಣುತ್ತವೆ.

ನಾನೇ ನನ್ನ ಕಿವಿಯ ಮೇಲೆ ಜೋಕು ಮಾಡುತ್ತೇನೆ, ಜಾಸ್ತಿಯೇ ಮಾಡುತ್ತೇನೆ. ಬೋರಿಂಗ್ ಕಾಲ್ ಬಂದರೆ ಏಡ್ ತೆಗೆದು ಟೇಬಲ್ ಮೇಲೆ ಇಟ್ಟು "ನಾನು ಆಫ್‌ಲೈನ್" ಅನ್ನುತ್ತೇನೆ. ಅದನ್ನೇ ಹಿಡಿದುಕೊಂಡು, ನೀನೇ ಮಾಡ್ತೀಯಲ್ಲ ಅನ್ನುತ್ತಾರೆ.

ಕರಿಕೋಟು:

ಪಿಂಪರಿಯವರೇ, ಪಾಶ್ ಕಾಯ್ದೆ ಹೆಂಗಸರ ದೂರಿಗೆ ಮಾತ್ರ, ಅದು ಸರಿ. ಆದರೆ ನಿಮಗೆ 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ ಇದೆ. ಅಂಗವೈಕಲ್ಯ ಇರುವವರನ್ನು ನಾಲ್ಕು ಜನರ ಕಣ್ಣೆದುರು ಅವಮಾನಿಸಬೇಕು ಅಂತಲೇ ಅವಮಾನಿಸಿದರೆ 92ನೇ ಸೆಕ್ಷನ್ನಿನಲ್ಲಿ ಆರು ತಿಂಗಳಿಂದ ಐದು ವರ್ಷದ ತನಕ ಜೈಲು. ಆಫೀಸಿನ ಒಳಗೆ ನಡೆದದ್ದು ಆ ಲೆಕ್ಕಕ್ಕೆ ಬರುತ್ತದೋ ಇಲ್ಲವೋ ಅನ್ನುವುದು ಆಯಾ ಕೇಸಿನ ಮೇಲೆ ನಿಂತಿರುತ್ತದೆ. ನೀವು ಹೇಳಿದ ಎರಡನೇ ವಿಷಯದ ಬಗ್ಗೆ ಸುಪ್ರೀಂ ಕೋರ್ಟ್ 2024ರ ಜುಲೈನಲ್ಲಿ ಒಂದು ಸಿನಿಮಾ ಪ್ರಕರಣದಲ್ಲಿ ಮಾತಾಡಿದೆ. ಅಂಗವೈಕಲ್ಯವನ್ನು ಅರ್ಥ ಮಾಡಿಸುವ ಹಾಸ್ಯ ಬೇರೆ, ಅದನ್ನು ಇಟ್ಟುಕೊಂಡು ಮನುಷ್ಯನನ್ನು ಕೀಳು ಮಾಡುವ ಹಾಸ್ಯ ಬೇರೆ ಅಂತ ಗೆರೆ ಎಳೆದಿದೆ. ಮೊದಲು ಎಚ್‌ಆರ್‌ಗೆ ಮೇಲ್ ಹಾಕಿ, ದಿನಾಂಕ ಹಾಕಿ ಬರೆಯಿರಿ. ಆಫೀಸಿನಲ್ಲಿ ಸಮಾನ ಅವಕಾಶದ ನೀತಿ ಅಂತ ಒಂದು ಇರಬೇಕು, ಅದನ್ನೂ ಕೇಳಿ.

ಹೆಸರು ಬೇಡ:

ನಾನೂ ಒಂದು ಸೇರಿಸಲಾ? ಪ್ರತಿ ಪ್ರಮೋಷನ್ ಸೀಸನ್ನಿಗೆ ನಮ್ಮಲ್ಲಿ ಕೋಟಾ ಜೋಕು. ಪ್ರೈವೇಟ್ ಕಂಪನಿ, ಇಲ್ಲಿ ಕೋಟಾ ಇಲ್ಲವೇ ಇಲ್ಲ, ಆದರೂ. "ಇವನಿಗೇನು, ಸರ್ಟಿಫಿಕೇಟ್ ಇದೆ" ಅನ್ನುತ್ತಾರೆ. ನನ್ನ ಜಾತಿ ಅವರಿಗೆ ನಾನು ಹೇಳಿಲ್ಲ. ಅಡ್ಡಹೆಸರು ನೋಡಿ ಅವರೇ ಲೆಕ್ಕ ಹಾಕಿದ್ದು. ಇದಕ್ಕಿಂತ ಜಾಸ್ತಿ ಬರೆಯಲು ಮನಸ್ಸಿಲ್ಲ.

ವಾಕಡ್‌ವಾಸಿ:

ಇಷ್ಟು ಉತ್ತರ ಬರುತ್ತದೆ ಅಂದುಕೊಂಡಿರಲಿಲ್ಲ. ಕೇಸಿಗೆ ಸಂಬಂಧ ಇಲ್ಲದ ಒಂದು ಸಣ್ಣ ಪ್ರಶ್ನೆ. ನಮ್ಮ ಆಫೀಸಿನ ಕನ್ನಡ ವಾಟ್ಸಾಪ್ ಗ್ರೂಪಿಗೆ ನಾನು ಅಡ್ಮಿನ್. ಅಲ್ಲಿ ಬೆಳಿಗ್ಗೆ ಗುಡ್ ಮಾರ್ನಿಂಗ್ ಹೂವು, ರಾತ್ರಿ ಹನ್ನೊಂದರ ಮೇಲೆ ಬೇರೆ ತರದ ಫಾರ್ವರ್ಡ್. ಅಡ್ಮಿನ್ ಮೇಲೆ ಬರುತ್ತದಾ?

ಕರಿಕೋಟು:

ಬಾಂಬೆ ಹೈಕೋರ್ಟಿನ ನಾಗಪುರ ಪೀಠ 2021ರಲ್ಲಿ ಹೇಳಿದೆ. ಮೆಂಬರ್ ಹಾಕಿದ ಪೋಸ್ಟಿಗೆ ಅಡ್ಮಿನ್ ಅನ್ನುವ ಕಾರಣಕ್ಕೇ ನೀವು ಅಪರಾಧಿ ಆಗುವುದಿಲ್ಲ, ಇಬ್ಬರೂ ಸೇರಿ ಪ್ಲಾನ್ ಮಾಡಿದ್ದರೆ ಬೇರೆ ಮಾತು. ಅದು ಕ್ರಿಮಿನಲ್ ಕೇಸಿನ ಲೆಕ್ಕ. ಕಂಪನಿಯ ಶಿಸ್ತಿನ ನಿಯಮ ಬೇರೆ. "ಗ್ರೂಪ್ ನಡೆಸುವವರು ಯಾರು" ಅಂತ ಎಚ್‌ಆರ್ ಕೇಳಿದಾಗ ಹೈಕೋರ್ಟ್ ತೀರ್ಪು ತೋರಿಸಿಕೊಂಡು ಕೂರಬೇಕಾಗುತ್ತದೆ.

ಭೀಮಾತೀರ:

ಆ ಗ್ರೂಪಿನಲ್ಲಿ ಎಷ್ಟು ಹೆಂಗಸರಿದ್ದಾರೆ ನೋಡಿ. ಹನ್ನೊಂದು ಗಂಟೆ ಫಾರ್ವರ್ಡ್ ಶುರುವಾದ ಮೇಲೆ ಎಷ್ಟು ಜನ ಗ್ರೂಪ್ ಬಿಟ್ಟರು ಅಂತಲೂ ನೋಡಿ.

ವಾಕಡ್‌ವಾಸಿ:

ನೋಡಿದೆ. ಈಗ ಒಬ್ಬರೂ ಇಲ್ಲ.

ವಾಕಡ್‌ವಾಸಿ (ಒಂದು ವಾರದ ಮೇಲೆ):

ಹೋಗಿ ಬಂದೆ. ಒಳಗಿನದು ಹೇಳುವ ಹಾಗಿಲ್ಲ. ಕೇಳಿದ್ದನ್ನು ಕೇಳಿದ ಹಾಗೆ ಹೇಳಿದೆ, ಫೋನ್ ವಿಷಯವನ್ನೂ ಸೇರಿಸಿ. ಸಹಿ ಹಾಕುವ ಮೊದಲು ಕಾಗದ ಪೂರ್ತಿ ಓದಲು ಕೊಟ್ಟರು, ಎರಡು ಕಡೆ ತಿದ್ದಿಸಿದೆ. ಊಟಕ್ಕೆ ಈಗ ಟೇಬಲ್ ಇಲ್ಲ, ಎಲ್ಲರೂ ಒಬ್ಬೊಬ್ಬರೇ ಹೋಗುತ್ತಾರೆ. ಇಬ್ಬರು ನನ್ನ ಜೊತೆ ಮಾತು ಬಿಟ್ಟಿದ್ದಾರೆ. ನೀನು ನಮ್ಮವನಾಗಿ ಹೀಗೆ ಮಾಡಬಾರದಿತ್ತು ಅಂದರು. ಅವಳೂ ಕನ್ನಡದವಳೇ ಅಲ್ವಾ ಅಂದೆ. ಅದಕ್ಕೆ ಉತ್ತರ ಬರಲಿಲ್ಲ.

ಡೊಂಬಿವಲಿ ಫಾಸ್ಟ್:

ಮಾತು ಬಿಟ್ಟವರು ಅಪ್ರೈಸಲ್ ಮುಗಿದ ಮೇಲೆ ಬರುತ್ತಾರೆ. ಬರದಿದ್ದರೂ ಊಟ ಇಳಿಯುತ್ತದೆ.

ಕೊತ್ರೂಡ್ ಕಾಫಿ:

ನನ್ನ ಅಭಿಪ್ರಾಯ ಪೂರ್ತಿ ಬದಲಾಗಿಲ್ಲ ಅಂತ ಮೊದಲೇ ಹೇಳುತ್ತೇನೆ. ಪ್ರತಿ ಮಾತನ್ನೂ ತಕ್ಕಡಿಯಲ್ಲಿಟ್ಟು ಆಡುವ ಆಫೀಸಿನಲ್ಲಿ ನನಗೆ ಕೆಲಸ ಮಾಡಲು ಆಗುವುದಿಲ್ಲ. ಪಿಂಪರಿಯವರ ಪೋಸ್ಟ್ ಓದಿದ ಮೇಲೆ ಮಾತ್ರ ಏನೂ ಬರೆಯಲು ತೋಚಲಿಲ್ಲ. ಅದನ್ನು ಮಾಡುವವರಿಗೆ ಯಾವ ಹೈಕೋರ್ಟೂ ಬೇಡ, ಎರಡು ಬಿಟ್ಟರೆ ಸರಿಹೋಗುತ್ತಾರೆ.

ಇನ್ನೊಂದು. ಈ ಚರ್ಚೆ ನೋಡಿ ನಮ್ಮ ಆಫೀಸಿನಲ್ಲಿ ಕಮಿಟಿಯ ಬೋರ್ಡ್ ಎಲ್ಲಿದೆ ಅಂತ ಹುಡುಕಿದೆ. ಪ್ಯಾಂಟ್ರಿಯ ಫ್ರಿಜ್ ಹಿಂದೆ ಸಿಕ್ಕಿತು. ಅದರಲ್ಲಿರುವ ಹೆಸರುಗಳಲ್ಲಿ ಇಬ್ಬರು ಕಂಪನಿ ಬಿಟ್ಟು ಹೋಗಿದ್ದಾರೆ. ಇದು ನಡೆಯುತ್ತದಾ?

ಖರಾಡಿ ಕಮಿಟಿ:

ನಡೆಯುವುದಿಲ್ಲ. ಮೆಂಬರುಗಳ ಅವಧಿಯೇ ಹೆಚ್ಚೆಂದರೆ ಮೂರು ವರ್ಷ. ಯಾರಾದರೂ ಬಿಟ್ಟರೆ ಹೊಸಬರನ್ನು ಹಾಕಲೇಬೇಕು. ಕಮಿಟಿಯ ಆದೇಶ ಎಲ್ಲರಿಗೂ ಕಾಣುವ ಜಾಗದಲ್ಲಿ ಇರಬೇಕು, ಫ್ರಿಜ್ ಹಿಂದೆ ಅಲ್ಲ. ಸರಿಯಾಗಿ ಕಮಿ‌ಟಿ ಮಾಡದಿದ್ದರೆ ಮಾಲೀಕರಿಗೆ 50,000 ರೂಪಾಯಿ ತನಕ ದಂಡ. ಫೋಟೋ ತೆಗೆದು ಎಚ್‌ಆರ್‌ಗೆ ಒಂದು ಮೇಲ್ ಹಾಕಿ, ಫ್ರಿಜ್ ಕೂಡ ಫೋಟೋದಲ್ಲಿ ಬರಲಿ.

ಕೊತ್ರೂಡ್ ಕಾಫಿ:

ಹಾಕಿದೆ. ಸಬ್ಜೆಕ್ಟ್ ಲೈನಿನಲ್ಲಿ ಒಂದು ಜೋಕು ಬರೆದಿದ್ದೆ, ಕಳಿಸುವ ಮೊದಲು ಅಳಿಸಿದೆ.